ಪೋಷಕ ಪಾತ್ರದ ಚರಿತ್ರೆ: ತಿಪಟೂರು ಸೀಮೆಯ ಹಿನ್ನೆಲೆಯಲ್ಲಿ ಉಮಾಶ್ರೀ ಅವರ ಅಭಿನಯ ಜೀವನ

ಕನ್ನಡ ರಂಗಭೂಮಿ, ಚಲನಚಿತ್ರ ಮತ್ತು ಕಿರುತೆರೆಗಳ ಚರಿತ್ರೆಯನ್ನು ಕುರಿತ ಬರವಣಿಗೆ ಬಹುಮಟ್ಟಿಗೆ ನಾಯಕ, ನಾಯಕಿ ಮತ್ತು ನಿರ್ದೇಶಕರನ್ನು ಕೇಂದ್ರದಲ್ಲಿಟ್ಟುಕೊಂಡು ಬೆಳೆದುಬಂದಿದೆ. ನಾಯಕ ನಟರ ಜೀವನ ಚರಿತ್ರೆಗಳು ಹಲವು ಪ್ರಕಟವಾಗಿವೆ. ಅವರ ಚಿತ್ರಗಳ ಪಟ್ಟಿ ಸಿದ್ಧವಾಗಿದೆ. ಆದರೆ ಅದೇ ಚಿತ್ರಗಳಲ್ಲಿ ತಾಯಿಯಾಗಿ, ಅತ್ತೆಯಾಗಿ, ಅಜ್ಜಿಯಾಗಿ, ನೆರೆಮನೆಯ ಗಯ್ಯಾಳಿಯಾಗಿ ಅಭಿನಯಿಸಿದ ಸ್ತ್ರೀಯರ ವಿಷಯದಲ್ಲಿ ಹೆಸರು ಉಳಿದಿದ್ದರೂ ವಿವರ ಉಳಿದಿಲ್ಲ. ಪ್ರೇಕ್ಷಕರ ನೆನಪಿನಲ್ಲಿ ಇವರ ಮುಖ ಅಚ್ಚಳಿಯದೆ ನಿಂತಿದೆ. ಚರಿತ್ರೆಯ ಪುಟಗಳಲ್ಲಿ ಮಾತ್ರ ಇವರು 'ಮುಂತಾದವರು' ಎಂಬ ಒಂದು ಪದದೊಳಗೆ ಅಡಗಿಹೋಗಿದ್ದಾರೆ. ಈ ಕೊರತೆಯನ್ನು ಮನಗಾಣಿಸಲು ತಿಪಟೂರು ತಾಲ್ಲೂಕಿನ ನೊಣವಿನಕೆರೆಯಲ್ಲಿ 1957ರಲ್ಲಿ ಜನಿಸಿದ ಉಮಾಶ್ರೀ ಅವರ ವೃತ್ತಿಜೀವನ ಯೋಗ್ಯವಾದ ಉದಾಹರಣೆಯಾಗಿದೆ. ರಂಗಭೂಮಿ, ಹಿರಿತೆರೆ, ಕಿರುತೆರೆ ಮತ್ತು ಶಾಸನಸಭೆ ಈ ನಾಲ್ಕು ಕ್ಷೇತ್ರಗಳನ್ನೂ ಹಾದುಬಂದ ಈ ಜೀವನದ ಬಹುಭಾಗ ಕಳೆದದ್ದು ಪೋಷಕ ಪಾತ್ರಗಳಲ್ಲಿಯೇ.

'ಪೋಷಕ' ಎಂಬ ಶಬ್ದವೇ ಇಲ್ಲಿ ವಿಚಾರಾರ್ಹವಾದುದು. ಕನ್ನಡದಲ್ಲಿ ಶಾಲೆಯ ಮಕ್ಕಳ ತಂದೆತಾಯಿಗಳನ್ನು ಪೋಷಕರು ಎನ್ನುತ್ತೇವೆ. ಸಂಘ ಸಂಸ್ಥೆಗಳಿಗೆ ಆಶ್ರಯವಿತ್ತವರನ್ನೂ ಪೋಷಕರು ಎನ್ನುತ್ತೇವೆ. ಹಳೆಯ ನಾಟಕ ಕಂಪನಿಗಳು ತಮ್ಮ ಹೆಸರಿನಲ್ಲಿ 'ಕೃಪಾಪೋಷಿತ' ಎಂಬ ವಿಶೇಷಣವನ್ನು ಸೇರಿಸಿಕೊಳ್ಳುತ್ತಿದ್ದವು. ಎಲ್ಲ ಕಡೆಯೂ ಈ ಮಾತು ಮೇಲಿನಿಂದ ಇಳಿದುಬರುವ ಆಸರೆಯನ್ನು ಸೂಚಿಸುತ್ತದೆ. ಅಭಿನಯದ ಸಂದರ್ಭದಲ್ಲಿ ಮಾತ್ರ ಅದು ಎರಡನೆಯ ದರ್ಜೆಯ ಗುರುತಾಗಿ ಮಾರ್ಪಟ್ಟಿದೆ. ಕಥೆಗೆ ಅನ್ನವಿಕ್ಕುವ ಪಾತ್ರ ಕಥೆಯ ಪಂಕ್ತಿಯ ಕೊನೆಯಲ್ಲಿ ಕುಳಿತುಕೊಳ್ಳಬೇಕಾಗಿ ಬಂದ ಈ ವೈರುಧ್ಯವನ್ನು ಉಮಾಶ್ರೀ ಅವರ ಜೀವನ ಸ್ಪಷ್ಟವಾಗಿ ತೋರಿಸುತ್ತದೆ.

1. ಸೀಮೆಯ ರಂಗ ಪರಂಪರೆ

ತಿಪಟೂರು, ತುರುವೇಕೆರೆ ಮತ್ತು ಚಿಕ್ಕನಾಯಕನಹಳ್ಳಿ ತಾಲ್ಲೂಕುಗಳು ತೆಂಗಿನ ಸೀಮೆಯೆಂದು ಪ್ರಸಿದ್ಧವಾಗಿವೆ. ಬಿಳಿಗೆರೆ, ನೊಣವಿನಕೆರೆ ಮೊದಲಾದ ಗ್ರಾಮಗಳ ಸುತ್ತ ತೆಂಗಿನ ತೋಟಗಳೇ ಜೀವನಾಧಾರ. ತೋಟದಿಂದ ಇಳಿಸಿದ ಕಾಯಿಯನ್ನು ಅಟ್ಟದ ಮೇಲೆ ತಿಂಗಳುಗಟ್ಟಲೆ ಇರಿಸಿ ಒಣಗಿಸಿ, ಉಂಡೆ ಕೊಬ್ಬರಿಯಾಗಿಸಿ ತಿಪಟೂರಿನ ಮಾರುಕಟ್ಟೆಗೆ ಸಾಗಿಸುವುದು ಇಲ್ಲಿನ ಕ್ರಮ. ಈ ಆರ್ಥಿಕ ಜೀವನದ ಜೊತೆಗೆ ಗಟ್ಟಿಯಾದ ರಂಗ ಪರಂಪರೆಯೊಂದು ಈ ಪ್ರದೇಶದಲ್ಲಿ ಬೆಳೆದುಬಂದಿದೆ.

ಇದೇ ಜಿಲ್ಲೆಯ ಗುಬ್ಬಿಯಲ್ಲಿ 1884ರಲ್ಲಿ ಸ್ಥಾಪನೆಯಾದ ಶ್ರೀ ಚನ್ನಬಸವೇಶ್ವರ ನಾಟಕ ಸಂಘವು ಗುಬ್ಬಿ ವೀರಣ್ಣನವರ ನೇತೃತ್ವದಲ್ಲಿ ದಕ್ಷಿಣ ಭಾರತದಲ್ಲಿಯೇ ಹೆಸರಾದ ಕಂಪನಿಯಾಯಿತು. ಬಾಲಕನಾಗಿ ಕಂಪನಿ ಸೇರಿದ ವೀರಣ್ಣನವರೇ ಆರಂಭದಲ್ಲಿ ಸ್ತ್ರೀಪಾತ್ರಗಳನ್ನು ನಿರ್ವಹಿಸಿದ್ದರು. ಮುಂದೆ ಸ್ತ್ರೀಪಾತ್ರಗಳನ್ನು ಸ್ತ್ರೀಯರೇ ನಿರ್ವಹಿಸುವ ಪದ್ಧತಿ ಕಂಪನಿಯಲ್ಲಿ ನೆಲೆಗೊಂಡು, ಸುಂದರಮ್ಮ, ಬಿ. ಜಯಮ್ಮ ಮೊದಲಾದವರು ಜನಮನ್ನಣೆ ಪಡೆದರು. 1934ರಲ್ಲಿ ಕಂಪನಿ ಪ್ರದರ್ಶಿಸಿದ 'ಕುರುಕ್ಷೇತ್ರ' ನಾಟಕದಲ್ಲಿ ಆನೆ ಕುದುರೆಗಳು ರಂಗದ ಮೇಲೆ ಬಂದದ್ದು ಈಗಲೂ ಜನರ ಬಾಯಲ್ಲಿರುವ ಸಂಗತಿ. 1954ರಲ್ಲಿ ತೆರೆಕಂಡ 'ಬೇಡರ ಕಣ್ಣಪ್ಪ' ಚಿತ್ರವು ಗುಬ್ಬಿ ಕಂಪನಿಯವರ ಚಿತ್ರಸಂಸ್ಥೆಯ ಪಾಲುದಾರಿಕೆಯಿಂದ ತಯಾರಾಯಿತು. ರಾಜಕುಮಾರ್ ಅವರು ನಾಯಕ ನಟರಾಗಿ ಕಾಣಿಸಿಕೊಂಡ ಮೊದಲ ಚಿತ್ರವೂ ಅದೇ ಆಗಿದೆ.

ವೃತ್ತಿ ಕಂಪನಿಗಳ ಪ್ರಭಾವ ಹಳ್ಳಿಗಳಿಗೂ ಇಳಿಯಿತು. ಜಾತ್ರೆ, ಹಬ್ಬಗಳ ಸಂದರ್ಭದಲ್ಲಿ ಗ್ರಾಮಸ್ಥರೇ ಪೌರಾಣಿಕ ನಾಟಕಗಳನ್ನು ಆಡುವುದು ಈ ಸೀಮೆಯಲ್ಲಿ ರೂಢಿಯಾಗಿದೆ. ಹಾರ್ಮೋನಿಯಂ ಮೇಷ್ಟರು ತಿಂಗಳುಗಟ್ಟಲೆ ಊರಿನಲ್ಲಿ ಬಿಡಾರ ಹೂಡಿ ರೈತರಿಗೆ ಕಂದಪದ್ಯಗಳನ್ನೂ ಹಾಡುಗಳನ್ನೂ ಕಲಿಸುತ್ತಾರೆ. ಪರದೆ, ಕಿರೀಟ, ದಿರಿಸುಗಳು ಪಟ್ಟಣದ ಡ್ರಾಮಾ ಸೀನರಿಯವರಿಂದ ಬಾಡಿಗೆಗೆ ಬರುತ್ತವೆ. ದುರ್ಯೋಧನ, ಕೃಷ್ಣ, ಭೀಮ, ಅರ್ಜುನರ ಪಾತ್ರಗಳನ್ನು ಊರಿನವರು ತಮ್ಮ ತಮ್ಮಲ್ಲಿ ಹಂಚಿಕೊಳ್ಳುತ್ತಾರೆ. ದ್ರೌಪದಿ, ಕುಂತಿ, ರುಕ್ಮಿಣಿಯರ ಪಾತ್ರಗಳಿಗೆ ಮಾತ್ರ ಹೊರಗಿನಿಂದ ಸಂಭಾವನೆ ಕೊಟ್ಟು ನಟಿಯರನ್ನು ಕರೆಸುತ್ತಾರೆ.

ಈ ನಟಿಯರ ಸ್ಥಿತಿಯನ್ನು ವಿಶೇಷವಾಗಿ ಗಮನಿಸಬೇಕು. ಊರಿನ ದುರ್ಯೋಧನನಿಗೆ ತಿಂಗಳುಗಳ ತಾಲೀಮು ಇರುತ್ತದೆ. ಹೊರಗಿನಿಂದ ಬಂದ ದ್ರೌಪದಿಗೆ ಒಂದೆರಡು ತಾಲೀಮು ದೊರೆತರೆ ಹೆಚ್ಚು. ಎದುರು ನಿಂತವನು ಪದ್ಯ ಮರೆತರೆ ಎತ್ತಿಕೊಡುವವಳೂ, ತಾಳ ತಪ್ಪಿದರೆ ಸಾಲನ್ನು ಮುಂದಕ್ಕೆ ಸಾಗಿಸುವವಳೂ ಆಕೆಯೇ. ಬೆಳಗಿನ ಜಾವದವರೆಗೆ ನಾಟಕವನ್ನು ಹೊತ್ತು ನಿಲ್ಲಿಸಿದರೂ ಹಾರ ತುರಾಯಿ, ಬಂಧುಬಾಂಧವರ ಮುಯ್ಯಿ ಎಲ್ಲವೂ ಊರಿನ ಪಾತ್ರಧಾರಿಗಳಿಗೆ ಸಲ್ಲುತ್ತವೆ. ಕರಪತ್ರದಲ್ಲಿ ಅವಳ ಹೆಸರು ಕೊನೆಯ ಸಾಲಿನಲ್ಲಿರುತ್ತದೆ. ಮರುರಾತ್ರಿ ಅವಳು ಇನ್ನೊಂದು ಊರಿನ ದ್ರೌಪದಿ. ಪೋಷಕ ನಟಿ ಎಂಬ ವೃತ್ತಿಯ ಮೂಲ ಲಕ್ಷಣಗಳೆಲ್ಲ, ಅಂದರೆ ಅನ್ಯರ ಪಾತ್ರವನ್ನು ಎತ್ತಿಹಿಡಿಯುವ ಕೌಶಲ, ಅಲ್ಪ ಸಿದ್ಧತೆಯಲ್ಲಿ ಪೂರ್ಣ ನಿರ್ವಹಣೆ, ಹೆಸರಿನ ಅನಾಮಿಕತೆ, ಗೌರವ ಮತ್ತು ಅನುಮಾನಗಳ ನಡುವಿನ ಬದುಕು ಇವೆಲ್ಲ ಸಿನಿಮಾ ಬರುವ ಮೊದಲೇ ಈ ಹಳ್ಳಿಯ ರಂಗದ ಮೇಲೆ ರೂಪುಗೊಂಡಿದ್ದವು.

2. ನರಸಿಂಹರಾಜು ಮತ್ತು ಹಾಸ್ಯದ ಎರಡು ಅಳತೆಗೋಲುಗಳು

ತಿಪಟೂರು ಸೀಮೆ ಕನ್ನಡ ಚಿತ್ರರಂಗಕ್ಕೆ ಇಬ್ಬರು ಅಸಾಧಾರಣ ಪೋಷಕ ಕಲಾವಿದರನ್ನು ಕೊಟ್ಟಿದೆ. ಮೊದಲನೆಯವರು ಟಿ.ಆರ್. ನರಸಿಂಹರಾಜು. ಅವರ ಹೆಸರಿನ ಮೊದಲಕ್ಷರವೇ ತಿಪಟೂರನ್ನು ಸೂಚಿಸುತ್ತದೆ. ನಾಟಕ ಕಂಪನಿಗಳಲ್ಲಿ ಪಳಗಿದ ಅವರು 'ಬೇಡರ ಕಣ್ಣಪ್ಪ'ದ ಮೂಲಕ ತೆರೆಗೆ ಬಂದು, 1979ರಲ್ಲಿ ನಿಧನರಾಗುವವರೆಗೆ ಇಪ್ಪತ್ತೈದು ವರ್ಷಗಳ ಕಾಲ ಕನ್ನಡ ಚಿತ್ರಗಳ ಅವಿಭಾಜ್ಯ ಅಂಗವಾಗಿದ್ದರು. ಅವರಿಗೆ 'ಹಾಸ್ಯ ಚಕ್ರವರ್ತಿ' ಎಂಬ ಬಿರುದು ಸಂದಿತು. 1974ರ 'ಪ್ರೊಫೆಸರ್ ಹುಚ್ಚೂರಾಯ' ಚಿತ್ರದಲ್ಲಿ ಅವರೇ ಮುಖ್ಯ ಪಾತ್ರ ವಹಿಸಿದರು.

ಅದೇ ಕಾಲದಲ್ಲಿ ಅವರ ಜೋಡಿಯಾಗಿ ಅಭಿನಯಿಸಿದ ಎಂ.ಎನ್. ಲಕ್ಷ್ಮೀದೇವಿ, ಬಿ. ಜಯ ಮೊದಲಾದ ನಟಿಯರಿಗೆ ಇಂತಹ ಬಿರುದುಗಳಾಗಲಿ, ಅವರನ್ನೇ ಕೇಂದ್ರವಾಗಿಟ್ಟ ಚಿತ್ರಗಳಾಗಲಿ ಒದಗಿಬರಲಿಲ್ಲ. ಹಾಸ್ಯ ನಟನೊಬ್ಬ ನಗಿಸಿದರೆ ಅದು ಪ್ರತಿಭೆ ಎನಿಸಿಕೊಂಡಿತು. ಹಾಸ್ಯ ನಟಿಯೊಬ್ಬಳು ನಗಿಸಿದರೆ ಅದು ಅವಳ ಸ್ವಭಾವವೆಂಬಂತೆ, ಎಷ್ಟೋ ಸಲ ಅವಳ ಚಾರಿತ್ರ್ಯದ ಲಕ್ಷಣವೆಂಬಂತೆ ಕಾಣಲ್ಪಟ್ಟಿತು. ನರಸಿಂಹರಾಜು ಅವರ ಅನಂತರದ ದಶಕದಲ್ಲಿ ಚಿತ್ರರಂಗ ಪ್ರವೇಶಿಸಿದ ಉಮಾಶ್ರೀ ಎದುರಿಸಬೇಕಾಗಿ ಬಂದದ್ದು ಈ ಎರಡು ಅಳತೆಗೋಲುಗಳನ್ನೇ.

3. ಸಾಕವ್ವ ಮತ್ತು ಸಿನಿಮಾದ ಹಾಸ್ಯ

ಉಮಾಶ್ರೀ ಅವರ ಅಭಿನಯದ ತಳಹದಿ ಬೆಂಗಳೂರಿನ ಹವ್ಯಾಸಿ ರಂಗಭೂಮಿ. ಎಪ್ಪತ್ತರ ದಶಕದ ಉತ್ತರಾರ್ಧ ಮತ್ತು ಎಂಬತ್ತರ ದಶಕ ಕನ್ನಡದ ಹವ್ಯಾಸಿ ತಂಡಗಳಿಗೆ ಹುರುಪಿನ ಕಾಲ. 1975ರಲ್ಲಿ ಹುಟ್ಟಿದ 'ಸಮುದಾಯ' ನಾಟಕವನ್ನು ಬೀದಿಗೂ ಚಳವಳಿಗೂ ಕೊಂಡೊಯ್ದಿತ್ತು. ದಲಿತ, ರೈತ ಮತ್ತು ಬಂಡಾಯ ಚಳವಳಿಗಳ ಅನುಭವಗಳು ರಂಗಕ್ಕೆ ಬರತೊಡಗಿದ್ದವು. ಈ ಸಂದರ್ಭದಲ್ಲಿ ದೇವನೂರ ಮಹಾದೇವ ಅವರ 'ಒಡಲಾಳ' ಕಥನವನ್ನು ಸಿ.ಜಿ. ಕೃಷ್ಣಸ್ವಾಮಿ ಅವರು ರಂಗಕ್ಕೆ ತಂದರು. ಅದರಲ್ಲಿ ಉಮಾಶ್ರೀ ನಿರ್ವಹಿಸಿದ ಸಾಕವ್ವನ ಪಾತ್ರ ಕನ್ನಡ ರಂಗಭೂಮಿಯ ಸ್ಮರಣೀಯ ಅಭಿನಯಗಳಲ್ಲಿ ಒಂದೆಂದು ಪರಿಗಣಿತವಾಗಿದೆ. ಕಳೆದುಹೋದ ಹುಂಜಕ್ಕಾಗಿ ಹಂಬಲಿಸುವ, ಹಸಿದ ಸಂಸಾರವನ್ನು ತನ್ನ ಬಾಯಿಜೋರಿನಿಂದಲೇ ಹಿಡಿದಿಟ್ಟ ಆ ದಲಿತ ಮುದುಕಿಯನ್ನು ಇನ್ನೂ ತಾರುಣ್ಯದಲ್ಲಿದ್ದ ನಟಿ ಕಟ್ಟಿಕೊಟ್ಟರು.

ಚಿತ್ರರಂಗ ಇವರನ್ನು ಬರಮಾಡಿಕೊಂಡ ರೀತಿ ಬೇರೆಯಾಗಿತ್ತು. ಕಾಶೀನಾಥ್ ನಿರ್ದೇಶಿಸಿ ಅಭಿನಯಿಸಿದ 'ಅನುಭವ' (1984) ಉಮಾಶ್ರೀ ಅವರಿಗೆ ವ್ಯಾಪಕ ಪ್ರಚಾರ ತಂದುಕೊಟ್ಟಿತು. ಅದರೊಂದಿಗೆ ಒಂದು ಅಚ್ಚೂ ಸಿದ್ಧವಾಯಿತು. ಮುಂದಿನ ವರ್ಷಗಳಲ್ಲಿ ಎನ್.ಎಸ್. ರಾವ್ ಮೊದಲಾದ ಹಾಸ್ಯ ನಟರಿಗೆ ಜೋಡಿಯಾಗಿ, ದ್ವಂದ್ವಾರ್ಥದ ಮಾತುಗಳನ್ನು ನಂಬಿದ ಹಾಸ್ಯ ದೃಶ್ಯಗಳಲ್ಲಿ ಅವರು ಮತ್ತೆ ಮತ್ತೆ ಕಾಣಿಸಿಕೊಂಡರು. ಇಂತಹ ದೃಶ್ಯಗಳು ಮುಖ್ಯ ಕಥೆಗೆ ಹೊರಗಿನಿಂದ ಅಂಟಿಸಿದಂತಿರುತ್ತಿದ್ದವು. ಕೆಲವೇ ದಿನಗಳ ಚಿತ್ರೀಕರಣದಲ್ಲಿ ಮುಗಿಯುವ ಕಾರಣ ಒಬ್ಬ ಕಲಾವಿದೆ ಒಂದೇ ವರ್ಷದಲ್ಲಿ ಅನೇಕ ಚಿತ್ರಗಳನ್ನು ಒಪ್ಪಿಕೊಳ್ಳಬಹುದಾಗಿತ್ತು; ಒಪ್ಪಿಕೊಳ್ಳಲೇಬೇಕಾಗಿಯೂ ಇತ್ತು. ನಾಯಕಿಗೆ ಚಿತ್ರವೊಂದಕ್ಕೆ ಸಂಭಾವನೆ, ಪೋಷಕ ನಟಿಗೆ ಕೆಲಸ ಮಾಡಿದ ದಿನಗಳ ಲೆಕ್ಕ. ಪಾತ್ರಗಳ ಆಯ್ಕೆಯನ್ನು ಕೇವಲ ಅಭಿರುಚಿಯ ಪ್ರಶ್ನೆಯಾಗಿ ನೋಡುವ ವಿಮರ್ಶೆ ಈ ಲೆಕ್ಕವನ್ನು ಮರೆಯುತ್ತದೆ.

ಆ ಕಾಲದ ವಿಮರ್ಶೆ ರಂಗದ ಉಮಾಶ್ರೀ ಮತ್ತು ಸಿನಿಮಾದ ಉಮಾಶ್ರೀ ಎಂದು ಇಬ್ಬರನ್ನು ಕಲ್ಪಿಸಿಕೊಂಡಿತು. ಒಬ್ಬರಿಗೆ ಗೌರವ, ಇನ್ನೊಬ್ಬರಿಗೆ ಮುಜುಗರದ ಮೌನ. ಆದರೆ ಅಭಿನಯದ ದೃಷ್ಟಿಯಿಂದ ಈ ವಿಂಗಡಣೆ ನಿಲ್ಲುವುದಿಲ್ಲ. ಸಾಕವ್ವನ ಬಾಯಿಜೋರು, ಅವಳ ಬೈಗುಳದ ಲಯ, ನಗೆ ಮತ್ತು ಅಳುಗಳ ನಡುವೆ ಕ್ಷಣಾರ್ಧದಲ್ಲಿ ಹೊರಳುವ ದೇಹಭಾಷೆ ಇವೆಲ್ಲವೂ ಹಾಸ್ಯ ಪಾತ್ರಗಳಲ್ಲಿಯೂ ಕೆಲಸ ಮಾಡುತ್ತಿದ್ದವು. ಪಾತ್ರದ ಬರವಣಿಗೆ ತೆಳುವಾಗಿದ್ದಾಗ ಅದೇ ಸಾಮಗ್ರಿ ಅಗ್ಗವಾಗಿ ಕಂಡಿತು. ಬರವಣಿಗೆ ಗಟ್ಟಿಯಾಗಿದ್ದಾಗ ಅದೇ ಸಾಮಗ್ರಿ ಕಲೆಯೆನಿಸಿತು. ದ್ವಂದ್ವಾರ್ಥದ ಮಾತನ್ನು ಬರೆದವರು, ನಿರ್ದೇಶಿಸಿದವರು ಮತ್ತು ಜೊತೆಯಲ್ಲಿ ಆಡಿದ ನಟರಿಗೆ ತಗಲದ ಕಳಂಕ ನಟಿಯೊಬ್ಬಳಿಗೆ ಮಾತ್ರ ತಗಲಿದ್ದು ಚಿತ್ರೋದ್ಯಮದ ಚರಿತ್ರೆಯಲ್ಲಿ ದಾಖಲಾಗಬೇಕಾದ ಸಂಗತಿ.

4. ವಯಸ್ಸು ಮತ್ತು ಪಾತ್ರ

ಪೋಷಕ ನಟಿಯ ವೃತ್ತಿಯಲ್ಲಿ ವಯಸ್ಸಿನ ಲೆಕ್ಕಾಚಾರವೇ ಬೇರೆ. 1995ರಲ್ಲಿ ತೆರೆಕಂಡ 'ಪುಟ್ನಂಜ' ಚಿತ್ರದಲ್ಲಿ ಉಮಾಶ್ರೀ ನಾಯಕನ ಅಜ್ಜಿ ಪುಟ್ಮಲ್ಲಿಯಾಗಿ ಅಭಿನಯಿಸಿದರು. ಈ ಪಾತ್ರ ಅವರನ್ನು ಮನೆಮಾತಾಗಿಸಿತು. ಆಗ ಅವರಿಗೆ 38 ವರ್ಷ. ಮೊಮ್ಮಗನ ಪಾತ್ರ ವಹಿಸಿದ ವಿ. ರವಿಚಂದ್ರನ್ 1961ರಲ್ಲಿ ಜನಿಸಿದವರು. ಅಜ್ಜಿಗೂ ಮೊಮ್ಮಗನಿಗೂ ಇದ್ದ ಅಂತರ ಕೇವಲ ನಾಲ್ಕು ವರ್ಷಗಳು. ನಾಯಕ ನಟನೊಬ್ಬ ಐವತ್ತರ ಆಚೆಗೂ ಕಾಲೇಜು ವಿದ್ಯಾರ್ಥಿಯಾಗಿ ಕಾಣಿಸಿಕೊಳ್ಳಬಹುದಾದ ಉದ್ಯಮದಲ್ಲಿ ನಟಿಯೊಬ್ಬರು ನಲವತ್ತು ತುಂಬುವ ಮೊದಲೇ ಅಜ್ಜಿಯಾಗಬೇಕಾಯಿತು.

ಇದು ಇವರೊಬ್ಬರ ಅನುಭವವಲ್ಲ. 'ಬೇಡರ ಕಣ್ಣಪ್ಪ'ದಲ್ಲಿ ರಾಜಕುಮಾರ್ ಅವರಿಗೆ ನಾಯಕಿಯಾಗಿದ್ದ ಪಂಢರಿಬಾಯಿ ಅವರು ಮುಂದೆ ಅದೇ ನಾಯಕನಿಗೆ ತಾಯಿಯಾಗಿ ಕಾಣಿಸಿಕೊಂಡರು. ರಾಜಕುಮಾರ್ ನಾಯಕರಾಗಿಯೇ ಉಳಿದರು. ಆದರೆ ಈ ಅನ್ಯಾಯದ ಒಳಗೊಂದು ಅವಕಾಶವೂ ಅಡಗಿತ್ತು. ನಾಯಕಿಯ ವೃತ್ತಿಜೀವನ ಸಾಮಾನ್ಯವಾಗಿ ಕೆಲವೇ ವರ್ಷಗಳದ್ದು. ಮೊದಲೇ ಮುದುಕಿಯಾದ ನಟಿಗೆ ಮುಂದೆ ಮುದುಕಿಯಾಗುವ ಭಯವಿಲ್ಲ. ಸಾಕವ್ವನ ಪಾತ್ರದಲ್ಲಿಯೇ ವೃದ್ಧಾಪ್ಯವನ್ನು ಅಭ್ಯಸಿಸಿದ್ದ ಉಮಾಶ್ರೀ ಅವರಿಗೆ ಅಜ್ಜಿಯ ಪಾತ್ರ ಇಳಿಕೆಯಾಗಿ ಪರಿಣಮಿಸಲಿಲ್ಲ. ಅಟ್ಟದ ಮೇಲಿನ ಕೊಬ್ಬರಿಯಂತೆ ಈ ವೃತ್ತಿ ಕಾಲ ಕಳೆದಷ್ಟೂ ಗಟ್ಟಿಯಾಗುವ ಬಗೆಯದಾಗಿತ್ತು.

5. ನಾಡಿನ ನುಡಿಗಳ ವಾಹಕ

ಪೋಷಕ ನಟಿಯರು ಕನ್ನಡ ಚಿತ್ರರಂಗಕ್ಕೆ ಸಲ್ಲಿಸಿದ ಒಂದು ಸೇವೆ ಸಾಕಷ್ಟು ಗಮನ ಪಡೆದಿಲ್ಲ. ಕನ್ನಡ ಚಿತ್ರಗಳ ನಾಯಕಿಯರಲ್ಲಿ ಅನೇಕರು ಪರಭಾಷೆಯವರಾಗಿದ್ದು, ಅವರ ಮಾತಿಗೆ ಬೇರೆಯವರು ಧ್ವನಿ ಕೊಡುವ ಪದ್ಧತಿ ಬಹುಕಾಲದಿಂದ ಇದೆ. ಆ ಧ್ವನಿ ಸಾಮಾನ್ಯವಾಗಿ ಯಾವ ಊರಿಗೂ ಸೇರದ ಶಿಷ್ಟ ಕನ್ನಡದ್ದು. ಊರಿನ ಮಾತು, ಮನೆಯ ಮಾತು, ಜಾತಿ ಕಸುಬುಗಳ ಮಾತು ತೆರೆಯ ಮೇಲೆ ಕೇಳಿಬಂದದ್ದು ಬಹುಮಟ್ಟಿಗೆ ಪೋಷಕ ಪಾತ್ರಗಳ ಬಾಯಲ್ಲಿ, ಅದೂ ಅವರದೇ ಧ್ವನಿಯಲ್ಲಿ.

ಉಮಾಶ್ರೀ ಅವರ ಮುಖ್ಯ ಪಾತ್ರಗಳನ್ನು ಒಂದೆಡೆ ಇರಿಸಿ ನೋಡಿದರೆ ಕರ್ನಾಟಕದ ನುಡಿಭೇದಗಳ ನಕ್ಷೆಯೇ ಮೂಡುತ್ತದೆ. 'ಒಡಲಾಳ'ದ ಸಾಕವ್ವನದು ಮೈಸೂರು ಸೀಮೆಯ ದಲಿತ ಕೇರಿಯ ಮಾತು. ನಾಗತಿಹಳ್ಳಿ ಚಂದ್ರಶೇಖರ ಅವರು ಕುಂ. ವೀರಭದ್ರಪ್ಪನವರ ಕಥೆಯನ್ನು ಆಧರಿಸಿ 1994ರಲ್ಲಿ ನಿರ್ದೇಶಿಸಿದ 'ಕೊಟ್ರೇಶಿ ಕನಸು' ಬಳ್ಳಾರಿ ಸೀಮೆಯ ಬದುಕಿಗೆ ಸಂಬಂಧಿಸಿದ್ದು. 'ಪುಟ್ನಂಜ'ದ ಅಜ್ಜಿ ಹಳೆಯ ಮೈಸೂರಿನ ಹಳ್ಳಿಯವಳು. 'ಗುಲಾಬಿ ಟಾಕೀಸ್'ನ ಗುಲಾಬಿ ಕರಾವಳಿಯ ಮೀನುಗಾರರ ನಡುವೆ ಬದುಕುವ ಮುಸ್ಲಿಂ ಸ್ತ್ರೀ. ಇಷ್ಟು ದೂರದ ನುಡಿಗಳನ್ನು ಒಬ್ಬರೇ ತಮ್ಮದಾಗಿಸಿಕೊಂಡದ್ದು ನಾಯಕಿಯ ಸ್ಥಾನದಲ್ಲಿದ್ದಿದ್ದರೆ ಸಾಧ್ಯವಾಗುತ್ತಿರಲಿಲ್ಲ. ಪೋಷಕ ಪಾತ್ರದ ಅಂಚಿನ ಸ್ಥಾನವೇ ಈ ಭಾಷಿಕ ಸ್ವಾತಂತ್ರ್ಯವನ್ನು ಒದಗಿಸಿತು.

6. ಅಂಚಿನಿಂದ ಕೇಂದ್ರಕ್ಕೆ

ಗಿರೀಶ್ ಕಾಸರವಳ್ಳಿ ನಿರ್ದೇಶಿಸಿದ 'ಗುಲಾಬಿ ಟಾಕೀಸ್' ಚಿತ್ರದ ಅಭಿನಯಕ್ಕಾಗಿ ಉಮಾಶ್ರೀ ಅವರಿಗೆ 2007ನೆಯ ಸಾಲಿನ, ಅಂದರೆ 55ನೆಯ ರಾಷ್ಟ್ರೀಯ ಚಲನಚಿತ್ರ ಪ್ರಶಸ್ತಿಗಳಲ್ಲಿ ಶ್ರೇಷ್ಠ ನಟಿ ಪ್ರಶಸ್ತಿ ಲಭಿಸಿತು. ಕನ್ನಡ ಚಿತ್ರಗಳ ಅಭಿನಯಕ್ಕಾಗಿ ಈ ಮೊದಲು ಇದೇ ಪ್ರಶಸ್ತಿ ಪಡೆದವರು 'ಕಾಡು' (1973) ಚಿತ್ರದ ನಂದಿನಿ ಭಕ್ತವತ್ಸಲ ಮತ್ತು 'ಹಸೀನಾ' (2004) ಚಿತ್ರದ ತಾರಾ. ರಾಷ್ಟ್ರಮಟ್ಟದಲ್ಲಿ ಪೋಷಕ ನಟಿಗೆ ಪ್ರತ್ಯೇಕ ಪ್ರಶಸ್ತಿ ಆರಂಭವಾದದ್ದು 1984ನೆಯ ಸಾಲಿನಿಂದ. ರಾಜ್ಯ ಸರ್ಕಾರದ ಪೋಷಕ ನಟಿ ಪ್ರಶಸ್ತಿಗೆ ಪಾತ್ರರಾಗಿದ್ದ ಉಮಾಶ್ರೀ ರಾಷ್ಟ್ರಮಟ್ಟದಲ್ಲಿ ಆ ವಿಭಾಗವನ್ನು ದಾಟಿ ನೇರವಾಗಿ ಶ್ರೇಷ್ಠ ನಟಿಯೆನಿಸಿದರು. ಅವರು ಆಗ ಐವತ್ತು ವರ್ಷ ದಾಟಿದ್ದರು.

ವೈದೇಹಿ ಅವರ ಕಥೆಯನ್ನು ಆಧರಿಸಿದ ಈ ಚಿತ್ರದ ವಸ್ತು ಪ್ರಸ್ತುತ ವಿಷಯಕ್ಕೆ ಇನ್ನೊಂದು ಕಾರಣದಿಂದಲೂ ಮುಖ್ಯವಾಗಿದೆ. ಮೂಲ ಕಥೆಯಲ್ಲಿ ಊರಿಗೆ ಬರುವುದು ಸಿನಿಮಾ ಮಂದಿರ. ಚಿತ್ರದಲ್ಲಿ ಅದರ ಸ್ಥಾನವನ್ನು ದೂರದರ್ಶನದ ಪೆಟ್ಟಿಗೆ ಪಡೆದಿದೆ. ಸೂಲಗಿತ್ತಿ ಗುಲಾಬಿ ಸಿನಿಮಾದ ಹುಚ್ಚಿನವಳು. ಹೆರಿಗೆ ಮಾಡಿಸಿದ್ದಕ್ಕೆ ಪ್ರತಿಯಾಗಿ ಅವಳ ಗುಡಿಸಲಿಗೆ ಟಿ.ವಿ. ಬರುತ್ತದೆ. ಅವಳನ್ನು ದೂರವಿಟ್ಟಿದ್ದ ನೆರೆಹೊರೆಯ ಹೆಂಗಸರು ಧಾರಾವಾಹಿ ನೋಡಲು ಅವಳ ಮನೆಯಲ್ಲಿ ಸೇರುತ್ತಾರೆ. ಕಾರ್ಗಿಲ್ ಯುದ್ಧದ ಕಾಲದ ಕೋಮು ಉದ್ವೇಗ ಕ್ರಮೇಣ ಆ ಅಂಗಳವನ್ನು ಒಡೆಯುತ್ತದೆ. ಎಲ್ಲರನ್ನೂ ಒಂದೆಡೆ ಕೂಡಿಸಿದವಳೇ ಕೊನೆಗೆ ಊರಿನಿಂದ ಹೊರಗಾಗುತ್ತಾಳೆ. ಬೇರೆಯವರ ಸಂತೋಷಕ್ಕೆ ಜಾಗ ಕೊಟ್ಟು ತಾನು ಅಂಚಿನಲ್ಲಿ ನಿಲ್ಲುವ ಗುಲಾಬಿಯ ಸ್ಥಿತಿ ಪೋಷಕ ನಟಿಯೊಬ್ಬಳ ಸ್ಥಿತಿಗೆ ಹತ್ತಿರವಾದುದು. ಆದಕಾರಣ ಈ ಅಭಿನಯವನ್ನು ಹಿಂದಿನ ಪಾತ್ರಗಳಿಂದ ಬಿಡುಗಡೆಯೆಂದು ಬಣ್ಣಿಸುವುದು ಸರಿಯಾಗದು. ಅದು ಆ ಪಾತ್ರಗಳ ಒಟ್ಟು ಫಲ.

2010ರಲ್ಲಿ ಬಿಡುಗಡೆಯಾದ ಕಾಸರವಳ್ಳಿ ಅವರ 'ಕನಸೆಂಬೋ ಕುದುರೆಯನೇರಿ' ಚಿತ್ರದಲ್ಲಿ ವೈಜನಾಥ ಬಿರಾದಾರ ಅವರೊಂದಿಗೆ ಉಮಾಶ್ರೀ ಮುಖ್ಯ ಪಾತ್ರ ವಹಿಸಿದರು. ಬಿರಾದಾರ ಅವರೂ ಚಿಕ್ಕ ಹಾಸ್ಯ ಪಾತ್ರಗಳಿಂದಲೇ ಪರಿಚಿತರಾದವರು. ಸಿದ್ಧ ಅಚ್ಚಿನ ಆಚೆಗೆ ನೋಡಬಲ್ಲ ನಿರ್ದೇಶಕನೊಬ್ಬ ದೊರೆತಾಗ, 'ಹಾಸ್ಯದವರು' ಎಂದು ಬದಿಗೆ ಸರಿಸಿದ್ದ ಕಲಾವಿದರಲ್ಲಿ ಎಂತಹ ಸಾಮರ್ಥ್ಯ ಕಾದುಕೊಂಡಿತ್ತು ಎಂಬುದು ಇದರಿಂದ ಸಿದ್ಧವಾಗುತ್ತದೆ.

7. ಕಿರುತೆರೆ ತಂದ ಬದಲಾವಣೆ

ಭಾರತದಲ್ಲಿ ದೂರದರ್ಶನ ಪ್ರಸಾರ 1959ರಲ್ಲಿ ದೆಹಲಿಯಲ್ಲಿ ಆರಂಭವಾಯಿತು. 1975-76ರ ಉಪಗ್ರಹ ಬೋಧನಾ ಪ್ರಯೋಗದಲ್ಲಿ ಉತ್ತರ ಕರ್ನಾಟಕದ ಹಳ್ಳಿಗಳೂ ಸೇರಿದ್ದವು. ಬೆಂಗಳೂರು ಕೇಂದ್ರ 1981ರಲ್ಲಿ ಕಾರ್ಯಾರಂಭ ಮಾಡಿತು. ಆಗುಂಬೆಯಲ್ಲಿ ಚಿತ್ರೀಕರಣಗೊಂಡ ಶಂಕರ್ ನಾಗ್ ಅವರ 'ಮಾಲ್ಗುಡಿ ಡೇಸ್' ಹಿಂದಿ ಧಾರಾವಾಹಿಯಾದರೂ ಕನ್ನಡ ರಂಗಭೂಮಿಯ ಅನೇಕ ಪೋಷಕ ಕಲಾವಿದರನ್ನು ದೇಶಕ್ಕೆ ಪರಿಚಯಿಸಿತು. 1994ರಲ್ಲಿ ಉದಯ ಟಿ.ವಿ., 2000ದ ಡಿಸೆಂಬರ್‌ನಲ್ಲಿ ಈಟಿವಿ ಕನ್ನಡ, 2006ರಲ್ಲಿ ಜೀ ಕನ್ನಡ ಆರಂಭವಾದವು. ಟಿ.ಎನ್. ಸೀತಾರಾಮ್ ಮತ್ತು ಸಂಗಡಿಗರ 'ಮಾಯಾಮೃಗ', ಎಸ್.ಎಲ್. ಭೈರಪ್ಪನವರ ಕಾದಂಬರಿಯನ್ನು ಆಧರಿಸಿ ಕಾಸರವಳ್ಳಿ ನಿರ್ದೇಶಿಸಿದ 'ಗೃಹಭಂಗ', ವೈಶಾಲಿ ಕಾಸರವಳ್ಳಿ ಅವರ 'ಮೂಡಲ ಮನೆ' ಮೊದಲಾದ ಧಾರಾವಾಹಿಗಳು ರಂಗಭೂಮಿಯ ಕಲಾವಿದರಿಗೆ ಹೊಸ ನೆಲೆಯನ್ನು ಒದಗಿಸಿದವು.

ದೈನಿಕ ಧಾರಾವಾಹಿಯ ರಚನೆ ಪೋಷಕ ನಟಿಯ ಸ್ಥಾನವನ್ನು ಮೂಲಭೂತವಾಗಿ ಬದಲಿಸಿತು. ಚಲನಚಿತ್ರ ಎರಡೂವರೆ ಗಂಟೆಯಲ್ಲಿ ಮುಗಿಯುವ ಕಾರಣ ಅಲ್ಲಿ ನಾಯಕನಿಗೇ ಕಾಲಾವಕಾಶ. ವರ್ಷಗಟ್ಟಲೆ ನಡೆಯುವ ಧಾರಾವಾಹಿ ನಾಯಕ ನಾಯಕಿಯರ ಪ್ರೇಮವೊಂದನ್ನೇ ನಂಬಿ ಸಾಗಲಾರದು. ಅದಕ್ಕೆ ಅಡುಗೆಮನೆ ಬೇಕು, ಜಗಲಿ ಬೇಕು, ಅತ್ತೆ, ತಾಯಿ, ನೆರೆಯವಳು ಬೇಕು. ಹೀಗೆ ಮನೆಯ ಹಿರಿಯ ಹೆಂಗಸು ಕಥೆಯ ಬೆನ್ನೆಲುಬಾದಳು.

ಇದು ಕನ್ನಡಕ್ಕೆ ಸೀಮಿತವಾದ ಬೆಳವಣಿಗೆಯಲ್ಲ. ಕಿರುತೆರೆಯ ಧಾರಾವಾಹಿಗೆ ದೀರ್ಘ ಚರಿತ್ರೆಯಿರುವ ಬ್ರಿಟನ್ನಿನಲ್ಲಿ 1960ರ ಡಿಸೆಂಬರ್‌ನಲ್ಲಿ ಆರಂಭವಾದ 'ಕೊರೊನೇಷನ್ ಸ್ಟ್ರೀಟ್' ಇಂಗ್ಲೆಂಡಿನ ಉತ್ತರ ಭಾಗದ ಕಾರ್ಮಿಕರ ಬೀದಿಯೊಂದರ ಕಥೆ. ಅದರಲ್ಲಿ ಎನಾ ಶಾರ್ಪಲ್ಸ್ ಎಂಬ ಬಾಯಿಜೋರಿನ ವೃದ್ಧೆಯಾಗಿ ವಯೊಲೆಟ್ ಕಾರ್ಸನ್ ಅರವತ್ತು ದಾಟಿದ ಮೇಲೆ ರಾಷ್ಟ್ರಖ್ಯಾತಿ ಪಡೆದರು. ಕಸ ಗುಡಿಸಿ ನೆಲ ಒರೆಸುವ ಹಿಲ್ಡಾ ಆಗ್ಡನ್ ಪಾತ್ರವನ್ನು ಜೀನ್ ಅಲೆಕ್ಸಾಂಡರ್ 1964ರಿಂದ 1987ರವರೆಗೆ ನಿರ್ವಹಿಸಿದರು. ಅಲ್ಲಿಯೂ ಲಂಡನ್ನಿನ ಶಿಷ್ಟ ಭಾಷೆಗೆ ಬದಲಾಗಿ ಪ್ರಾಂತದ ಆಡುಮಾತು ತೆರೆಗೆ ಬಂದದ್ದು ಇಂತಹ ನಟಿಯರ ಮೂಲಕ. ಸಾಕವ್ವನಿಗೂ ಎನಾ ಶಾರ್ಪಲ್ಸ್‌ಗೂ ಸಾಮಾಜಿಕವಾಗಿ ಅಪಾರ ಅಂತರವಿದ್ದರೂ ಪ್ರಾಂತೀಯ ನುಡಿ, ಹಿರಿಯ ವಯಸ್ಸು, ಪೋಷಕ ಸ್ಥಾನ ಈ ಮೂರರ ಸಂಯೋಗ ಎರಡು ಕಡೆಯೂ ಒಂದೇ ಬಗೆಯ ಫಲವನ್ನಿತ್ತಿದೆ.

ಉಮಾಶ್ರೀ ಅವರ ಕಿರುತೆರೆಯ ಬದುಕಿನ ದೊಡ್ಡ ಘಟ್ಟ ಜೀ ಕನ್ನಡ ವಾಹಿನಿಯಲ್ಲಿ 2021ರ ಡಿಸೆಂಬರ್‌ನಲ್ಲಿ ಆರಂಭವಾಗಿ ಮೂರು ವರ್ಷಗಳಿಗೂ ಹೆಚ್ಚು ಕಾಲ ಪ್ರಸಾರವಾದ 'ಪುಟ್ಟಕ್ಕನ ಮಕ್ಕಳು'. ಆರೂರು ಜಗದೀಶ್ ನಿರ್ದೇಶನದ ಈ ಧಾರಾವಾಹಿಯಲ್ಲಿ ಗಂಡು ಮಗುವಾಗಲಿಲ್ಲವೆಂಬ ಕಾರಣಕ್ಕೆ ಗಂಡನಿಂದ ದೂರವಾಗಿ, ಮೂವರು ಹೆಣ್ಣುಮಕ್ಕಳನ್ನು ಮೆಸ್ ನಡೆಸಿ ಸಾಕುವ ಪುಟ್ಟಕ್ಕನ ಪಾತ್ರ ಅವರದು. ಬೆಳೆದ ಹೆಣ್ಣುಮಕ್ಕಳ ತಾಯಿಯ ಹೆಸರೇ ಧಾರಾವಾಹಿಯ ಹೆಸರಾಯಿತು. ನಾಯಕ ನಾಯಕಿಯರು ಅವಳ ಸುತ್ತ ನಿಂತರು. ನೂರಾರು ಚಿತ್ರಗಳಲ್ಲಿ ಕಥೆಯ ಬದಿಯಲ್ಲಿದ್ದ ತಾಯಿ ಇಲ್ಲಿ ಕಥೆಯ ನಡುಮನೆಗೆ ಬಂದಳು. ತೋಟದ ಕೆಲಸ, ಅಡುಗೆ, ಮಕ್ಕಳ ವಿದ್ಯಾಭ್ಯಾಸಗಳ ಹೊರೆಯನ್ನು ಒಂಟ��ಯಾಗಿ ಹೊತ್ತ ಹೆಂಗಸರು ಬಿಳಿಗೆರೆಯಂತಹ ಊರುಗಳಲ್ಲಿ ಅಪರೂಪವಲ್ಲ. ಅವರಿಗೆ ಪುಟ್ಟಕ್ಕನ ಮಾತು ದೂರದ ಮಾತಾಗಿ ಕೇಳುವಂತಹುದಲ್ಲ.

8. ಸಾರ್ವಜನಿಕ ಜೀವನ

ಉಮಾಶ್ರೀ 2013ರ ವಿಧಾನಸಭಾ ಚುನಾವಣೆಯಲ್ಲಿ ಬಾಗಲಕೋಟೆ ಜಿಲ್ಲೆಯ ತೇರದಾಳ ಕ್ಷೇತ್ರದಿಂದ ಆಯ್ಕೆಯಾದರು. 2008ರಲ್ಲಿ ಅದೇ ಕ್ಷೇತ್ರದಲ್ಲಿ ಅವರು ಸೋತಿದ್ದರು. ರಬಕವಿ, ಬನಹಟ್ಟಿಗಳಂತಹ ನೇಕಾರರ ಊರುಗಳಿರುವ ಈ ಕ್ಷೇತ್ರದ ಆಯ್ಕೆ ನೇಕಾರ ಸಮುದಾಯದಿಂದ ಬಂದ ಅವರಿಗೆ ಸಹಜವಾಗಿತ್ತು. ಸಿದ್ದರಾಮಯ್ಯ ಅವರ ಸಂಪುಟದಲ್ಲಿ ಮಹಿಳಾ ಮತ್ತು ಮಕ್ಕಳ ಅಭಿವೃದ್ಧಿ ಹಾಗೂ ಕನ್ನಡ ಮತ್ತು ಸಂಸ್ಕೃತಿ ಖಾತೆಗಳನ್ನು ನಿರ್ವಹಿಸಿದರು. 2018ರಲ್ಲಿ ಪರಾಭವಗೊಂಡು, 2023ರ ಆಗಸ್ಟ್‌ನಲ್ಲಿ ವಿಧಾನ ಪರಿಷತ್ತಿಗೆ ನಾಮಕರಣಗೊಂಡರು. ಗುಬ್ಬಿ ವೀರಣ್ಣನವರ ಮೊಮ್ಮಗಳು ಬಿ. ಜಯಶ್ರೀ 2010ರಲ್ಲಿ ರಾಜ್ಯಸಭೆಗೆ ನಾಮಕರಣಗೊಂಡದ್ದನ್ನೂ ಇದರೊಂದಿಗೆ ನೆನೆಯಬಹುದು. ರಂಗದ ಮೇಲಿನ ಸ್ತ್ರೀಯನ್ನು ಅನುಮಾನದಿಂದ ನೋಡುತ್ತಿದ್ದ ಸಮಾಜದಲ್ಲಿ ಒಂದೇ ಜಿಲ್ಲೆಯ ರಂಗ ಪರಂಪರೆಗೆ ಸೇರಿದ ಇಬ್ಬರು ಸ್ತ್ರೀಯರು ಶಾಸನಸಭೆಗಳ ಮೆಟ್ಟಿಲೇರಿದ್ದು ಸಾಮಾಜಿಕ ಚರಿತ್ರೆಯ ಗಣನೀಯ ಸಂಗತಿ. ರಾಜಕೀಯದ ನಡುವೆಯೂ ಉಮಾಶ್ರೀ ರಂಗಭೂಮಿಯನ್ನು ತೊರೆಯಲಿಲ್ಲ. 'ಶರ್ಮಿಷ್ಠೆ' ಏಕವ್ಯಕ್ತಿ ನಾಟಕದ ಮೂಲಕ ಮತ್ತೆ ರಂಗದ ಮೇಲೆ ನಿಂತರು. ಯಾರಿಗೂ ಪೋಷಕವಲ್ಲದ, ಯಾರ ಪೋಷಣೆಯನ್ನೂ ಬೇಡದ ಪ್ರಕಾರವದು.

ಉಪಸಂಹಾರ

ಉಮಾಶ್ರೀ ಅವರ ವೃತ್ತಿಜೀವನ ಪ್ರಶಸ್ತಿ ಮತ್ತು ಪದವಿಗಳ ಕಾರಣದಿಂದ ದಾಖಲೆಗೆ ಸೇರಿತು. ಪ್ರಶಸ್ತಿ ಬಾರದಿದ್ದಲ್ಲಿ ಅದೇ ಪ್ರತಿಭೆ, ಅದೇ ಶ್ರಮ 'ಮುಂತಾದವರು' ಎಂಬ ಪದದೊಳಗೇ ಉಳಿದುಹೋಗುತ್ತಿತ್ತು. ಹಾಗೆ ಉಳಿದುಹೋದವರ ಸಂಖ್ಯೆ ದೊಡ್ಡದು. ನಾಟಕದ ಕರಪತ್ರಗಳು, ಸೀನರಿ ಕಂಪನಿಗಳ ಲೆಕ್ಕದ ಪುಸ್ತಕಗಳು, ಹಾರ್ಮೋನಿಯಂ ಮೇಷ್ಟರ ಕೈಬರಹದ ಪ್ರತಿಗಳು, ಚಿತ್ರಗಳ ಹಾಡಿನ ಪುಸ್ತಕಗಳು ಮತ್ತು ಧಾರಾವಾಹಿಗಳ ಪಾತ್ರವರ್ಗದ ಪಟ್ಟಿಗಳು ಈ ಚರಿತ್ರೆಯ ಆಕರಗಳು. ಇವುಗಳಲ್ಲಿ ಬಹುಪಾಲು ಯಾವ ಗ್ರಂಥಾಲಯಕ್ಕೂ ಸೇರದೆ ಮನೆಗಳ ಅಟ್ಟದ ಮೇಲೆ ಗೆದ್ದಲಿಗೆ ಆಹಾರವಾಗುವ ಸ್ಥಿತಿಯಲ್ಲಿವೆ. ಒಂದೊಂದು ತಾಲ್ಲೂಕನ್ನು ಘಟಕವಾಗಿಟ್ಟುಕೊಂಡು ಇವುಗಳನ್ನು ಸಂಗ್ರಹಿಸುವ ಕಾರ್ಯ ನಡೆಯಬೇಕಾಗಿದೆ. ಹಳ್ಳಿಯ ನಾಟಕಗಳಿಗೆ ರಾತ್ರಿಯ ಬಸ್ಸಿನಲ್ಲಿ ಬಂದು ಬೆಳಗಿನ ಬಸ್ಸಿಗೆ ಹೊರಟ ದ್ರೌಪದಿಯರಲ್ಲಿ ಹಿರಿಯರು ಇನ್ನೂ ನಮ್ಮ ನಡುವೆ ಇರುವಾಗಲೇ ಅವರ ನೆನಪುಗಳನ್ನು ದಾಖಲಿಸಿಕೊಳ್ಳಬೇಕು. ಅವರ ಹೆಸರುಗಳು ಕರಪತ್ರದ ಕೊನೆಯ ಸಾಲಿನಿಂದ ಚರಿತ್ರೆಯ ಪಠ್ಯದೊಳಕ್ಕೆ ಬಂದಾಗ ಮಾತ್ರ 'ಪೋಷಕ' ಎಂಬ ಶಬ್ದಕ್ಕೆ ಕನ್ನಡದಲ್ಲಿ ಮೊದಲಿನಿಂದ ಇದ್ದ ಗೌರವದ ಅರ್ಥ ಅಭಿನಯ ಕ್ಷೇತ್ರದಲ್ಲಿಯೂ ಮರಳಿ ದೊರೆಯುತ್ತದೆ.